ನಿಮ್ಮೂರಿನ ರೇಡಿಯೊಗೆ ಅರ್ಧ ಗಂಟೆಯ ಕಾರ್ಯಕ್ರಮ ಮಾಡುವ ಬಗೆ

ನಾನು ಹಗಲು ಬಟ್ಟೆ ಹೊಲಿಯುತ್ತೇನೆ, ಸಂಜೆ ನಮ್ಮ ತಾಲ್ಲೂಕಿನ ಸಮುದಾಯ ಬಾನುಲಿಗೆ, ಅಂದರೆ ಊರಿನವರೇ ನಡೆಸುವ ಸಣ್ಣ ರೇಡಿಯೊಗೆ, ಕಾರ್ಯಕ್ರಮ ಮಾಡುತ್ತೇನೆ. ಈ ಕೆಲಸಕ್ಕೆ ಪದವಿ ಬೇಕಿಲ್ಲ, ಒಳ್ಳೆಯ ಕಂಠವೂ ಬೇಕಿಲ್ಲ. ಹೊಸದಾಗಿ ಬರುವ ಮಕ್ಕಳಿಗೆ ನಾನು ಬಾಯಲ್ಲಿ ಹೇಳಿಕೊಡುವುದನ್ನೇ ಇಲ್ಲಿ ಬರೆದಿದ್ದೇನೆ.

ಮೊದಲು ನಿಮ್ಮ ರೇಡಿಯೊ ಎಲ್ಲಿಯವರೆಗೆ ಕೇಳಿಸುತ್ತದೆ ಎಂದು ತಿಳಿದುಕೊಳ್ಳಿ. ಸಮುದಾಯ ಬಾನುಲಿಯ ಟ್ರಾನ್ಸ್‌ಮಿಟರ್ ಸಾಮಾನ್ಯವಾಗಿ 50 ವ್ಯಾಟ್‌ನದು. ಬಯಲು ಸೀಮೆಯಾದರೆ 10ರಿಂದ 15 ಕಿಲೋಮೀಟರ್ ಹೋಗುತ್ತದೆ, ಗುಡ್ಡ ಅಡ್ಡ ಬಂದರೆ ಅಲ್ಲಿಗೇ ನಿಂತಿತು. ಅಷ್ಟರೊಳಗಿನ ಊರುಗಳೇ ನಿಮ್ಮ ಕೇಳುಗರು. ಆಕಾಶವಾಣಿ ಪ್ರದೇಶ ಸಮಾಚಾರ ಓದುತ್ತದೆ, ಇಡೀ ನಾಡಿನ ರೈತರಿಗೆ ಹವಾಮಾನ ಹೇಳುತ್ತದೆ. ಅದು ದೊಡ್ಡ ಕೆಲಸ, ಅದು ನಡೆಯಲೇಬೇಕು. ಆದರೆ ನಮ್ಮ ಕೇರಿಯ ನೀರಿನ ಟ್ಯಾಂಕ್ ತೊಳೆದು ಎಷ್ಟು ದಿನವಾಯಿತು ಎಂದು ಬೆಂಗಳೂರಿನಲ್ಲಿ ಕೂತವರು ಕೇಳುವುದಕ್ಕೆ ಆಗುವುದಿಲ್ಲ. ಅದನ್ನು ನಾವೇ ಕೇಳಬೇಕು.

ಹಾಗೆ ಕೇಳುವ ದಾರಿ ಸುಲಭವಾಗಿ ಸಿಕ್ಕಿದ್ದಲ್ಲ. ರೇಡಿಯೊದ ದನಿ ಹೊತ್ತು ಸಾಗುವ ಅಲೆಗಳು ಸಾರ್ವಜನಿಕ ಆಸ್ತಿ ಎಂದು ಸುಪ್ರೀಂ ಕೋರ್ಟ್ ಹೇಳಿದ್ದು 1995ರಲ್ಲಿ. 2002ರಲ್ಲಿ ವಿದ್ಯಾಸಂಸ್ಥೆಗಳಿಗೆ ಸಮುದಾಯ ಬಾನುಲಿ ನಡೆಸುವ ಅವಕಾಶ ಕೊಟ್ಟರು, ಊರಿನಲ್ಲಿ ಕೆಲಸ ಮಾಡುವ ಸಂಘ ಸಂಸ್ಥೆಗಳಿಗೆ 2006ರವರೆಗೂ ಇರಲಿಲ್ಲ. ಕೋಲಾರ ಜಿಲ್ಲೆಯ ಬೂದಿಕೋಟೆಯವರು ಅಲ್ಲಿಯವರೆಗೆ ಕಾಯಲಿಲ್ಲ. ಗಾಳಿಯಲ್ಲಿ ಬಿಡಲು ಅನುಮತಿ ಇಲ್ಲದ ಕಾಲದಲ್ಲಿ 'ನಮ್ಮ ಧ್ವನಿ' ಎಂದು ಹೆಸರಿಟ್ಟು ಕೇಬಲ್ ತಂತಿಯ ಮೂಲಕ ಮನೆಮನೆಗೆ ತಮ್ಮ ಕಾರ್ಯಕ್ರಮ ಮುಟ್ಟಿಸಿದರು. ಹೊಸಬರು ಯಾರೇ ಬಂದರೂ ನಾನು ಮೊದಲ ದಿನ ಇದನ್ನು ಹೇಳುತ್ತೇನೆ.

ವಿಷಯ ಹುಡುಕಲು ಪೇಪರ್ ಓದಬೇಡಿ. ಡೇರಿಯ ಮುಂದೆ ಹಾಲು ಹಾಕಲು ನಿಂತವರ ಮಾತು ಕೇಳಿ. ನನಗೆ ರವಿಕೆಯ ಅಳತೆ ಕೊಡಲು ಬರುವ ಹೆಂಗಸರ ಮಾತೇ ಸಾಕು. ಒಂದು ನಿಯಮ ಮಾತ್ರ ನೆನಪಿರಲಿ: ಸಮುದಾಯ ಬಾನುಲಿ ತನ್ನದೇ ರಾಜಕೀಯ ಸುದ್ದಿ ಮಾಡುವಂತಿಲ್ಲ, ಆಕಾಶವಾಣಿಯ ಸುದ್ದಿಯನ್ನು ಇದ್ದ ಹಾಗೆಯೇ ಮರುಪ್ರಸಾರ ಮಾಡಬಹುದು. ನೀರು, ಕರೆಂಟು, ಹವಾಮಾನ, ಪರೀಕ್ಷೆ, ಉದ್ಯೋಗದ ಮಾಹಿತಿಗೆ ಅಡ್ಡಿಯಿಲ್ಲ. ನಮ್ಮ ಜೀವನದ ಮುಕ್ಕಾಲು ಪಾಲು ಅಷ್ಟರಲ್ಲೇ ಇದೆ.

ನೀರಿನ ಕಾರ್ಯಕ್ರಮವನ್ನೇ ತೆಗೆದುಕೊಳ್ಳೋಣ. ಎಲ್ಲರೂ ಮೊದಲು ಪಂಚಾಯಿತಿಯ ಅಧಿಕಾರಿ ಪಿಡಿಒ ಬಳಿ ಓಡುತ್ತಾರೆ. ಹಾಗೆ ಮಾಡಬೇಡಿ. ಬೆಳಿಗ್ಗೆ ನೀರುಗಂಟಿಯ ಜೊತೆ ನಡೆಯಿರಿ. ಯಾವ ವಾಲ್ವ್ ಯಾವಾಗ ತಿರುಗಿಸುತ್ತಾನೆ, ಮೋಟಾರು ಸುಟ್ಟರೆ ಯಾರಿಗೆ ಫೋನ್ ಮಾಡುತ್ತಾನೆ, ಎತ್ತರದ ಕೇರಿಗೆ ನೀರು ಯಾಕೆ ಏರುವುದಿಲ್ಲ, ಎಲ್ಲ ಅವನಿಗೆ ಗೊತ್ತು. ಅವನನ್ನು ಯಾರೂ ಕೇಳಿರುವುದಿಲ್ಲ. ಆಮೇಲೆ ನಲ್ಲಿಯ ಹತ್ತಿರ ಕೊಡ ಸಾಲಿಟ್ಟವರನ್ನು ಮಾತಾಡಿಸಿ, ಮುಖ್ಯವಾಗಿ ಸಾಲಿನ ಕೊನೆಯಲ್ಲಿರುವವರನ್ನು. ಪಿಡಿಒ ಕೊನೆಗೆ. ಜನ ಆಡಿದ ಮಾತನ್ನು ಅವರಿಗೆ ಫೋನಿನಲ್ಲೇ ಕೇಳಿಸಿ, ನಂತರ ಉತ್ತರ ಕೇಳಿ. ಯೋಜನೆಯ ಹೆಸರುಗಳನ್ನು ಹೇಳತೊಡಗಿದರೆ ಮರ್ಯಾದೆಯಿಂದಲೇ, "ಸಾರ್, ಯಾವತ್ತು ತೊಳೆಸುತ್ತೀರಿ?" ಎಂದು ಕೇಳಿ, ದಿನಾಂಕ ಹೇಳಿಸಿ.

ಧ್ವನಿಮುದ್ರಣಕ್ಕೆ ಮಾಮೂಲಿ ಮೊಬೈಲ್ ಸಾಕು. ಏರೋಪ್ಲೇನ್ ಮೋಡ್‌ಗೆ ಹಾಕಿ, ಇಲ್ಲದಿದ್ದರೆ ಒಳ್ಳೆಯ ಮಾತಿನ ನಡುವೆ ಕರೆ ಬರುತ್ತದೆ. ಬಾಯಿಯಿಂದ ಒಂದು ಗೇಣು ದೂರ, ನೇರ ಮುಂದಲ್ಲ, ಸ್ವಲ್ಪ ಪಕ್ಕಕ್ಕೆ ಹಿಡಿಯಿರಿ. ಆಗ 'ಪ', 'ಬ' ಅಕ್ಷರಗಳು ಡಬ್ಬೆಂದು ಹೊಡೆಯುವುದಿಲ್ಲ. ಗಾಳಿ ಇದ್ದರೆ ಗೋಡೆಯ ಮರೆಗೆ ಹೋಗಿ. ಫ್ಯಾನ್ ಆರಿಸಿ. ತಗಡಿನ ಮಾಡಿನ ಕೆಳಗೆ ಮಳೆಯಲ್ಲಿ ಮುದ್ರಿಸಬೇಡಿ. ಮಾತು ಮುಗಿದ ಮೇಲೆ ಎಲ್ಲರನ್ನೂ ಅರ್ಧ ನಿಮಿಷ ಸುಮ್ಮನಿರಿಸಿ ಆ ಜಾಗದ ಸದ್ದನ್ನು ಮಾತ್ರ ಹಿಡಿಯಿರಿ. ಎರಡು ತುಣುಕು ಜೋಡಿಸುವಾಗ ನಡುವೆ ಅದನ್ನು ಹಾಕಿದರೆ ಕತ್ತರಿಸಿದ್ದು ಗೊತ್ತಾಗುವುದಿಲ್ಲ. ನಿಮ್ಮ ನಿರೂಪಣೆಯನ್ನು ಬರಿಗೋಡೆಯ ಕೋಣೆಯಲ್ಲಿ ಓದಬೇಡಿ, ದನಿ ಮೊಳಗುತ್ತದೆ. ನಾನು ನನ್ನ ಅಂಗಡಿಯಲ್ಲೇ ಓದುವುದು. ಸುತ್ತ ನೇತುಹಾಕಿದ ಸೀರೆ, ಚೂಡಿದಾರಗಳು ಮೊಳಗನ್ನು ನುಂಗಿಬಿಡುತ್ತವೆ. ನಿಮ್ಮ ಮನೆಯಲ್ಲಾದರೆ ಬಟ್ಟೆಯ ಬೀರು ತೆರೆದು ಅದರತ್ತ ಮುಖ ಮಾಡಿ ಓದಿ.

ಎಡಿಟಿಂಗ್‌ಗೆ ಆಡಾಸಿಟಿ ಎಂಬ ಕಂಪ್ಯೂಟರ್ ತಂತ್ರಾಂಶ ಇದೆ, ಉಚಿತ. ಅದನ್ನು ಕಲಿಯುವುದು ಕಷ್ಟವಲ್ಲ. ಏನನ್ನು ತೆಗೆಯಬಾರದು ಎಂದು ತಿಳಿಯುವುದೇ ಕಷ್ಟ. ಹಳ್ಳಿಯವರು "ಏನ್ ಮಾಡಾದು ಕಣವ್ವ" ಅಂದರೆ ಅದನ್ನು ಹಾಗೇ ಬಿಡಿ. ಅವರ ಮಾತನ್ನು ನೀವು ಶುದ್ಧ ಕನ್ನಡದಲ್ಲಿ ಮತ್ತೆ ಹೇಳಲು ಹೋಗಬೇಡಿ. ತನ್ನ ಮಾತಿನ ಧಾಟಿಯೇ ರೇಡಿಯೊದಲ್ಲಿ ಬಂದದ್ದನ್ನು ಕೇಳಿದ ಮೇಲೆ ತಾನೇ ಪಕ್ಕದ ಮನೆಯಾಕೆ, "ನಾನೂ ಮಾತಾಡ್ತೀನಿ, ಬಾ" ಅನ್ನುವುದು? ಮುಂದಿನ ಕಾರ್ಯಕ್ರಮ ಹುಟ್ಟುವುದು ಅಲ್ಲಿಂದ.

ಒಂದು ವಿಷಯದಲ್ಲಿ ಬಹಳ ಎಚ್ಚರ ಬೇಕು. ಗಂಡನ ಹೊಡೆತ, ಹೆಣ್ಣುಮಕ್ಕಳ ಕಾಯಿಲೆ, ಸಾಲ, ಇಂಥವನ್ನು ಯಾರಾದರೂ ಹೇಳಿಕೊಂಡಾಗ ಹೆಸರು ಮುಚ್ಚಿಟ್ಟರೆ ಆಯಿತು ಎಂದುಕೊಳ್ಳಬೇಡಿ. ದೊಡ್ಡ ಪಟ್ಟಣದ ರೇಡಿಯೊದಲ್ಲಿ ಅದು ಸಾಕಾದೀತು. ನಮ್ಮ ಹತ್ತು ಕಿಲೋಮೀಟರ್‌ನೊಳಗೆ ಕೆಮ್ಮಿದರೂ ಯಾರೆಂದು ಜನ ಗುರುತಿಸುತ್ತಾರೆ. ಆಕೆಯ ಮಾತನ್ನು ಬರೆದುಕೊಂಡು, ಬೇರೆ ಊರಿನ ಸ್ವಯಂಸೇವಕಿಯ ದನಿಯಲ್ಲಿ ಓದಿಸಿ. ಮಕ್ಕಳ ಸಂಖ್ಯೆ, ಕೇರಿ, ಗಂಡನ ಕಸುಬು ತೆಗೆದುಬಿಡಿ. ಪ್ರಸಾರಕ್ಕೆ ಮುಂಚೆ ಆಕೆಗೆ ಕೇಳಿಸಿ. ಬೇಡ ಅಂದರೆ ಬೇಡ, ಎಷ್ಟೇ ಚೆನ್ನಾಗಿ ಬಂದಿದ್ದರೂ ಸರಿ.

ಪ್ರಸಾರದ ಹೊತ್ತನ್ನು ಕೇಳುಗರ ಕೆಲಸ ನೋಡಿ ಗೊತ್ತುಮಾಡಿ. ಅಡುಗೆ ಮಾಡುವವರಿಗೆ ಸಂಜೆ, ಹಾಲು ಕರೆಯುವವರಿಗೆ ಮುಂಜಾನೆ. ಒಂದೇ ಕಾರ್ಯಕ್ರಮವನ್ನು ಎರಡೂ ಹೊತ್ತು ಹಾಕಬಹುದು. ಕೊನೆಯ ಹತ್ತು ನಿಮಿಷ ಫೋನ್ ಕರೆಗೆ ಬಿಡಿ. ಮೊದಲ ಕರೆಗಳು ಗಂಡಸರವೇ ಆಗಿರುತ್ತವೆ. "ಈಗ ಹೆಂಗಸರು ಮಾತ್ರ ಫೋನ್ ಮಾಡಿ" ಎಂದು ಹೇಳಿ ಕಾಯಿರಿ, ಬರುತ್ತವೆ.

ಪ್ರಸಾರವಾದದ್ದನ್ನು ಮೂರು ತಿಂಗಳು ಇಟ್ಟುಕೊಳ್ಳಬೇಕೆಂದು ನಿಯಮವಿದೆ. ಸೋಬಾನೆ ಪದ, ರಾಗಿ ಬೀಸುವ ಪದಗಳನ್ನು ಮಾತ್ರ ಅಳಿಸಲೇಬೇಡಿ. ಹಾಡಿದವರ ಮನೆಗೂ ಒಂದು ಪ್ರತಿ ಕೊಡಿ, ಮೊಮ್ಮಕ್ಕಳ ಫೋನಿಗೆ ಹಾಕಿಕೊಟ್ಟರೂ ಆಯಿತು.

ಪಿಡಿಒ ಹೇಳಿದ ದಿನಾಂಕ ಬರೆದಿಟ್ಟುಕೊಂಡಿದ್ದೀರಲ್ಲ, ಅದರ ಮಾರನೇ ದಿನ ಮತ್ತೆ ನೀರುಗಂಟಿಯ ಬಳಿ ಹೋಗಿ. ಟ್ಯಾಂಕ್ ತೊಳೆದಿದ್ದರೆ ಅವನ ಬಾಯಲ್ಲೇ ಹೇಳಿಸಿ, ಅಧಿಕಾರಿಗೂ ರೇಡಿಯೊದಲ್ಲೇ ಥ್ಯಾಂಕ್ಸ್ ಹೇಳಿ. ತೊಳೆಯದಿದ್ದರೆ ಮುಂದಿನ ಕಾರ್ಯಕ್ರಮವನ್ನು ಆ ದಿನಾಂಕ ಹೇಳಿದ ತುಣುಕಿನಿಂದಲೇ ಶುರುಮಾಡಿ, ಮತ್ತೆ ಪಂಚಾಯಿತಿ ಕಚೇರಿಗೆ ಹೋಗಿ ಅದೇ ಪ್ರಶ್ನೆ ಕೇಳಿ.