ಹಿಂಬರಹ ಕೊಡಿ ಅಂತ ವರಾಂಡದಲ್ಲಿ ಕೂತೆವು

"ಪೇಪರ್ ಹಿಡ್ಕೊಂಡು ಕೂತರೆ ಹಕ್ಕುಪತ್ರ ಬರುತ್ತಾ?" ಅಂತ ಕೊಡಗಿನ ಗೋಣಿಕೊಪ್ಪದಲ್ಲಿ ಕೇಳಿದವರೇ ಜಾಸ್ತಿ. ಬಂತು. ನಮ್ಮ ಹಾಡಿಯ, ಅಂದರೆ ಆದಿವಾಸಿ ಕೇರಿಯ, ಇಪ್ಪತ್ತು ಚಿಲ್ಲರೆ ಮನೆಗಳಿಗೆ, ನಾವಿರುವ ಕಾಡು ಜಾಗದ ಹಕ್ಕುಪತ್ರ.

ಅದಕ್ಕೂ ಮೊದಲು ರಸ್ತೆ ತಡೆ ಮಾಡಿದಾಗಲೆಲ್ಲ ಸಾಹೇಬರು ಬರ್ತಿದ್ದರು, ಮನವಿ ತಗೊಳ್ತಿದ್ದರು, ಫೋಟೋ ಆಗ್ತಿತ್ತು, ಅಲ್ಲಿಗೆ ಮುಗೀತು. ಜೂನ್ ಬಂದರೆ ಮಳೆಗೆ ಪೆಂಡಾಲ್ ನಿಲ್ಲಲ್ಲ. ಡಿಸೆಂಬರ್ ಬಂದರೆ ಕಾಫಿ ಕುಯ್ಲು, ಜನ ಸಿಗಲ್ಲ. ಇದು ಸರ್ಕಾರಕ್ಕೂ ಗೊತ್ತು, ಸುಮ್ನೆ ಕಾಯುತ್ತೆ. ಒಂದು ದಿನದ ಧರಣಿಗೆ ಜೀಪು, ಮೈಕು, ಊಟ ಸೇರಿ ಇಪ್ಪತ್ತು ಸಾವಿರದ ಹತ್ತಿರ ಆಗ್ತಿತ್ತು, ಹೋದ ಕೂಲಿ ಬೇರೆ. ಮೇಲಿಂದ ಅಕ್ರಮ ಕೂಟ, ದಾರಿ ತಡೆ ಅಂತ ಐಪಿಸಿ 143, 341ರಲ್ಲಿ ಕೇಸು ಬಿದ್ದು ಹುಡುಗರು ವರ್ಷಗಟ್ಟಲೆ ಕೋರ್ಟಿಗೆ ಅಲೆದರು. ವಕೀಲರ ಫೀಸಿಗೆ ಒಂದು ಮನೆಯ ಹಸುವೇ ಹೋಯಿತು.

2016ರ ಡಿಸೆಂಬರ್‌ನಲ್ಲಿ ಕೊಡಗಿನದೇ ದಿಡ್ಡಳ್ಳಿಯಲ್ಲಿ ಅಧಿಕಾರಿಗಳು 500ಕ್ಕೂ ಹೆಚ್ಚು ಆದಿವಾಸಿ ಕುಟುಂಬಗಳ ಗುಡಿಸಲು ಕಿತ್ತರು. ಜನ ಜಗ್ಗಲಿಲ್ಲ, ಹೋರಾಟ ಕಟ್ಟಿದರು, ಕೊನೆಗೆ ಬೇರೆ ಕಡೆ, ಬಸವನಹಳ್ಳಿ, ಬ್ಯಾಡಗೊಟ್ಟದಲ್ಲಿ ಮನೆ ಸಿಕ್ಕಿತು. ದೊಡ್ಡ ಗೆಲುವೇ ಅದು. ಆದರೆ ನಮಗೆ ಇದ್ದ ಜಾಗವೇ ಬೇಕಿತ್ತು.

ನಮ್ಮ ಅರ್ಜಿಗಳು ವಜಾ ಆಗಿವೆ ಅಂತ ಬರೀ ಬಾಯಲ್ಲಿ ಹೇಳಿದ್ದರು. ಅರಣ್ಯ ಹಕ್ಕು ನಿಯಮದಲ್ಲಿ ಕಾರಣ ಬರೆದು ಕೊಡಬೇಕು ಅಂತಿದೆ, ಕೊಟ್ಟರೆ ಮೇಲ್ಮನವಿಗೆ 60 ದಿನ. ಪ್ರಕ್ರಿಯೆ ಮುಗಿಯುವ ತನಕ ಅರಣ್ಯ ಹಕ್ಕು ಕಾಯ್ದೆಯ ಸೆಕ್ಷನ್ 4(5)ರ ಪ್ರಕಾರ ಯಾರನ್ನೂ ಎಬ್ಬಿಸೋ ಹಾಗಿಲ್ಲ. ಅದನ್ನೇ ಹಿಡಿದೆವು. ಮನೆಗೊಂದು ಅರ್ಜಿ, ಪ್ರತಿಯೊಂದಕ್ಕೂ ಕಚೇರಿಯ ಟಪಾಲು ವಿಭಾಗದ ಸೀಲು, ಆಮೇಲೆ ಹಿಂಬರಹ, ಅಂದರೆ ಬರವಣಿಗೆಯಲ್ಲಿ ಉತ್ತರ, ಕೊಡಿ ಅಂತ ಅಲ್ಲೇ ವರಾಂಡದಲ್ಲಿ ಸರದಿ ಮೇಲೆ ಮೂರ್ನಾಲ್ಕು ಜನ. ಉಳಿದವರು ಕೂಲಿಗೆ. ಘೋಷಣೆ ಇಲ್ಲ, ರಸ್ತೆ ತಡೆ ಇಲ್ಲ, ಕೇಸು ಹಾಕೋಕೆ ಏನೂ ಸಿಗಲಿಲ್ಲ.

"ಅಜ್ಜಿ, ನಾಳೆ ಬನ್ನಿ" ಅಂದರು ಗುಮಾಸ್ತರು.
"ನಾಳೆ ಬನ್ನಿ ಅಂತಲೇ ಬರೆದು ಸೀಲು ಹಾಕಿ ಕೊಡಿ ಸಾರ್."
ಅವರು ಪೆನ್ನು ಕೆಳಗಿಟ್ಟು ಎದ್ದು ಒಳಗೆ ಹೋದರು. ಆ ವಾರವೇ ಹಳೇ ಕಡತ ಹೊರಗೆ ಬಂತು.

"ಮುಖಂಡರು ಮೂವರು ಒಳಗೆ ಬನ್ನಿ" ಅಂತ ಕರೆದಾಗ ಯಾರೂ ಹೋಗಲಿಲ್ಲ. ಅರ್ಜಿ ಯಾರದೋ, ಮಾತಾಡೋದೂ ಅವರೇ. ಹೋರಾಟ ಒಡೆಯೋದು ಆ ಒಳಗಿನ ಕೋಣೆಯಲ್ಲೇ, ಹಳಬರಿಗೆ ಗೊತ್ತಲ್ವಾ.

ನಡುವೆ ಇನ್ನೊಂದು ಪ್ರಯೋಗ. ಸುಡುಗಾಡು, ದೇವರ ಜಾಗ, ಹಿರಿಯರ ಹೇಳಿಕೆ ಎಲ್ಲ ಸಾಕ್ಷಿಗೆ ನಡೆಯುತ್ತೆ ಅಂತ ಹುಡುಗರು ಅಜ್ಜಂದಿರನ್ನ ಕಾಡೊಳಗೆ ನಡೆಸಿಕೊಂಡು ಹೋಗಿ ಫೋನಲ್ಲಿ ಜಾಗ ಗುರುತು ಮಾಡಿದರು, ಅವರು ಹೇಳಿದ್ದನ್ನೆಲ್ಲ ಬರೆಸಿದರು. ಜಂಟಿ ಸರ್ವೆಗೆ ಬಂದವರು ಅದನ್ನೇ ಹಿಡಿದು ನಡೆದರು.

ಒಟ್ಟು ಖರ್ಚು ಜೆರಾಕ್ಸ್, ಬಸ್ಸು ಸೇರಿ ಆರೇಳು ಸಾವಿರ. ಅರ್ಜಿಗಳನ್ನು ಯಾವ ಕ್ರಮದಲ್ಲಿ ಕೊಟ್ಟೆವು ಅನ್ನೋದು ಮಾತ್ರ ಇಲ್ಲಿ ಬರೆಯಲ್ಲ, ಪಕ್ಕದ ಹಾಡಿಯ ಕೆಲಸ ಇನ್ನೂ ನಡೀತಿದೆ.