ಡಿಸ್ಕ್ ಪರೀಕ್ಷೆ: ಕದಡಿನ ಹದ ಸಿಕ್ಕರೆ ಅರ್ಧ ಕೆಲಸ ಆದಂತೆ

ಮೂತ್ರದಲ್ಲೋ ಗಾಯದ ಕೀವಿನಲ್ಲೋ ಸಿಕ್ಕ ಬ್ಯಾಕ್ಟೀರಿಯಾಕ್ಕೆ ಯಾವ ಆಂಟಿಬಯೋಟಿಕ್ ನಾಟುತ್ತದೆ, ಯಾವುದು ನಾಟುವುದಿಲ್ಲ ಎಂದು ತಿಳಿಸುವ ವರದಿಯನ್ನು ನಮ್ಮ ಆಸ್ಪತ್ರೆಗಳಲ್ಲಿ ‘ಕಲ್ಚರ್ ಸೆನ್ಸಿಟಿವಿಟಿ’ ಎನ್ನುತ್ತಾರೆ. ಸಣ್ಣ ಊರುಗಳ ಬಹುತೇಕ ಲ್ಯಾಬುಗಳಲ್ಲಿ ಈ ವರದಿ ಹುಟ್ಟುವುದು ದುಬಾರಿ ಯಂತ್ರದಿಂದಲ್ಲ. ಬ್ಯಾಕ್ಟೀರಿಯಾ ಬೆಳೆಸುವ ಅಗರ್ ಎಂಬ ಗಟ್ಟಿ ಮಾಧ್ಯಮದ ತಟ್ಟೆ, ಹತ್ತಿಕಡ್ಡಿ ಮತ್ತು ಔಷಧಿ ಹೀರಿಸಿದ ಕಾಗದದ ಪುಟ್ಟ ಬಿಲ್ಲೆಗಳಿಂದ, ಅಂದರೆ ಡಿಸ್ಕ್‌ಗಳಿಂದ. ಪರೀಕ್ಷೆ ಸರಳವಾಗಿರುವುದರಿಂದಲೇ ಅದನ್ನು ಹಗುರವಾಗಿ ನೋಡುವ ಅಭ್ಯಾಸವೂ ಬೆಳೆದಿದೆ. ಡಿಪ್ಲೊಮಾ ಮುಗಿಸಿ ಕೆಲಸಕ್ಕೆ ಬಂದ ಹೊಸಬರಿಗೆ ಈ ಪರೀಕ್ಷೆಯನ್ನು ಕಲಿಸುತ್ತ ಬಂದಿರುವ ನಾನು ಒಂದೇ ತಪ್ಪನ್ನು ಮತ್ತೆ ಮತ್ತೆ ಕಂಡಿದ್ದೇನೆ: ಬ್ಯಾಕ್ಟೀರಿಯಾವನ್ನು ಲವಣಜಲದಲ್ಲಿ ಕಲಸಿದ ಕದಡನ್ನು ಕಣ್ಣಂದಾಜಿನಲ್ಲಿ ಮಾಡುವುದು. ಆ ಒಂದು ತಪ್ಪಿನಿಂದ, ಕೆಲಸ ಮಾಡಬಲ್ಲ ಅಗ್ಗದ ಔಷಧಿ ‘ನಿರೋಧಕ’ ಎಂದು ಪಟ್ಟಿಯಿಂದ ಹೊರಬೀಳಬಹುದು. ಕೆಲಸ ಮಾಡದ ಔಷಧಿ ‘ಸಂವೇದಿ’ ಎಂಬ ಮುದ್ರೆಯೊಂದಿಗೆ ರೋಗಿಯ ರಕ್ತನಾಳ ಸೇರಬಹುದು. ಆದ್ದರಿಂದ ಈ ಲೇಖನದ ಹೆಚ್ಚಿನ ಜಾಗವನ್ನು ಆ ಹಂತಕ್ಕೇ ಕೊಟ್ಟಿದ್ದೇನೆ. ಇದು ತರಬೇತಿ ಪಡೆದವರು ಸುರಕ್ಷಿತ ಪ್ರಯೋಗಾಲಯದಲ್ಲಿ ಮಾಡಬೇಕಾದ ಕೆಲಸ. ರೋಗಕಾರಕಗಳನ್ನು ಬೆಳೆಸುವ ಯಾವ ಹಂತವನ್ನೂ ಮನೆಯಲ್ಲಾಗಲಿ ಶಾಲೆಯ ಪ್ರದರ್ಶನದಲ್ಲಾಗಲಿ ಮಾಡಕೂಡದು.

ಈಗ ಜಗತ್ತಿನಾದ್ಯಂತ ಬಳಕೆಯಲ್ಲಿರುವ ವಿಧಾನವನ್ನು ಅಮೆರಿಕದ ಸಿಯಾಟಲ್‌ನಲ್ಲಿದ್ದ ಬಾಯರ್, ಕರ್ಬಿ, ಶೆರಿಸ್ ಮತ್ತು ಟರ್ಕ್ 1966ರಲ್ಲಿ ಪ್ರಕಟಿಸಿದರು. ಔಷಧಿಯ ಬಿಲ್ಲೆ ಅದಕ್ಕೂ ಮುಂಚೆಯೇ ಇತ್ತು. ಆದರೆ ಮಾಧ್ಯಮ, ಬಿಲ್ಲೆಯ ಪ್ರಮಾಣ, ಬ್ಯಾಕ್ಟೀರಿಯಾದ ಸಾಂದ್ರತೆ ಲ್ಯಾಬಿನಿಂದ ಲ್ಯಾಬಿಗೆ ಬೇರೆಯಾಗಿದ್ದುದರಿಂದ ಒಂದೆಡೆಯ ಫಲಿತಾಂಶವನ್ನು ಇನ್ನೊಂದೆಡೆಯದರ ಜೊತೆ ಹೋಲಿಸಲು ಬರುತ್ತಿರಲಿಲ್ಲ. ಅವರು ಎಲ್ಲವನ್ನೂ ಬಿಗಿಯಾಗಿ ಗೊತ್ತುಪಡಿಸಿದರು. ಬಿಲ್ಲೆಯ ಸುತ್ತ ಬ್ಯಾಕ್ಟೀರಿಯಾ ಬೆಳೆಯದೆ ಉಳಿದ ವಲಯದ ಮಿಲಿಮೀಟರ್ ಅಳತೆಗೆ ಅರ್ಥ ಬರುವುದು ಆ ಷರತ್ತುಗಳೆಲ್ಲ ಪಾಲನೆಯಾದಾಗ ಮಾತ್ರ.

ಕಾಲನಿ ಮತ್ತು ತಟ್ಟೆ

ಪರೀಕ್ಷೆಗೆ ಒಂದೇ ಜಾತಿಯ, ಗುರುತು ಹಿಡಿದ, ಹಿಂದಿನ ದಿನವಷ್ಟೇ ಬೆಳೆದ ಕಾಲನಿಗಳು, ಅಂದರೆ ತಟ್ಟೆಯ ಮೇಲೆ ಚುಕ್ಕೆಗಳಂತೆ ಕಾಣುವ ಬ್ಯಾಕ್ಟೀರಿಯಾದ ಗುಂಪುಗಳು ಬೇಕು. ಮೂತ್ರವನ್ನೋ ಕೀವನ್ನೋ ನೇರವಾಗಿ ತಟ್ಟೆಗೆ ಸವರಿ ಬಿಲ್ಲೆ ಇಟ್ಟು ಒಂದು ದಿನ ಉಳಿಸುವ ಅಡ್ಡದಾರಿಯನ್ನು ಕೆಲವೆಡೆ ಈಗಲೂ ಹಿಡಿಯುತ್ತಾರೆ. ಅಲ್ಲಿ ಎಷ್ಟು ಬ್ಯಾಕ್ಟೀರಿಯಾ ಇವೆ, ಎಷ್ಟು ಜಾತಿಗಳಿವೆ ಎಂಬುದು ತಿಳಿಯದಿರುವುದರಿಂದ ಬಂದ ವಲಯವನ್ನು ಯಾವ ಕೋಷ್ಟಕದೊಂದಿಗೂ ಹೋಲಿಸುವಂತಿಲ್ಲ.

ಮಾಧ್ಯಮ ಮುಲ್ಲರ್ ಹಿಂಟನ್ ಅಗರ್ ಆಗಿರಬೇಕು, ಪಿಎಚ್ 7.2ರಿಂದ 7.4ರ ನಡುವೆ ಇರಬೇಕು. ಡಬ್ಬಿ ಖಾಲಿಯಾಗಿದೆ ಎಂದು ನ್ಯೂಟ್ರಿಯೆಂಟ್ ಅಗರ್ ಬಳಸಿದರೆ ಅದು ಈ ಪರೀಕ್ಷೆಯೇ ಅಲ್ಲ. ಅಗರ್‌ನ ದಪ್ಪ 4 ಮಿ.ಮೀ. ಇರಬೇಕು. ನಮ್ಮಲ್ಲಿ ಸಾಮಾನ್ಯವಾದ 90 ಮಿ.ಮೀ. ತಟ್ಟೆಗೆ ಲೆಕ್ಕ ಹಾಕಿದರೆ ಇದಕ್ಕೆ ಸುಮಾರು 25 ಮಿ.ಲೀ. ಬೇಕಾಗುತ್ತದೆ, ಉಳಿತಾಯಕ್ಕೆಂದು 15 ಮಿ.ಲೀ. ಸುರಿಯುವವರನ್ನು ನಾನು ನೋಡಿದ್ದೇನೆ. ಪದರ ತೆಳುವಾದರೆ ಔಷಧಿ ಕೆಳಕ್ಕಿಳಿಯಲು ಜಾಗವಿಲ್ಲದೆ ಪಕ್ಕಕ್ಕೆ ಹರಡಿ ವಲಯ ದೊಡ್ಡದಾಗುತ್ತದೆ, ದಪ್ಪವಾದರೆ ಕುಗ್ಗುತ್ತದೆ. ಸಿದ್ಧ ತಟ್ಟೆಗಳನ್ನು ಕೊಳ್ಳುವವರು ಪ್ರತಿ ಹೊಸ ಕಂತಿನ ಒಂದು ತಟ್ಟೆಯನ್ನು ಕತ್ತರಿಸಿ ದಪ್ಪ ಅಳೆಯಲಿ. ಒಂದೇ ಪೊಟ್ಟಣದೊಳಗೆ ಒಂದು ಬದಿ ತೆಳು, ಇನ್ನೊಂದು ಬದಿ ದಪ್ಪವಾದ ತಟ್ಟೆಗಳು ಬಂದಿದ್ದನ್ನು ಕಂಡ ಮೇಲೆ ನಾನು ಮಟ್ಟ ನೋಡಿದ ಮೇಜಿನ ಮೇಲೆ ನಾವೇ ಸುರಿದುಕೊಳ್ಳುವುದನ್ನೇ ಒತ್ತಾಯಿಸುತ್ತೇನೆ.

ಕದಡು

ಬಿಲ್ಲೆಯನ್ನು ಅಗರ್ ಮೇಲಿಟ್ಟ ಕ್ಷಣದಿಂದ ಎರಡು ಕೆಲಸಗಳು ಒಟ್ಟೊಟ್ಟಿಗೆ ನಡೆಯುತ್ತವೆ. ಔಷಧಿ ತೇವ ಹೀರಿ ಹೊರಮುಖವಾಗಿ ಹರಡುತ್ತ, ದೂರ ಹೋದಂತೆ ತೆಳುವಾಗುತ್ತ ಸಾಗುತ್ತದೆ. ಬ್ಯಾಕ್ಟೀರಿಯಾ ಇದ್ದಲ್ಲೇ ಇಮ್ಮಡಿಸುತ್ತ ಹೋಗುತ್ತದೆ. ಕೆಲವು ಗಂಟೆಗಳಲ್ಲಿ, ಔಷಧಿಗೆ ಇನ್ನು ತಡೆಯಲಾಗದಷ್ಟು ಬ್ಯಾಕ್ಟೀರಿಯಾ ಎಲ್ಲಿ ತುಂಬಿಕೊಂಡಿರುತ್ತದೋ ಅಲ್ಲಿ ವಲಯದ ಅಂಚು ನಿಂತುಬಿಡುತ್ತದೆ. ಮರುದಿನ ನಾವು ಅಳೆಯುವುದು ಆ ಅಂಚನ್ನು. ಹೀಗಾಗಿ ಆರಂಭದಲ್ಲೇ ಹೆಚ್ಚು ಬ್ಯಾಕ್ಟೀರಿಯಾ ಬಿತ್ತಿದರೆ ಔಷಧಿ ದೂರ ತಲುಪುವ ಮೊದಲೇ ಬೆಳೆ ಮುಗಿದು ವಲಯ ಕಿರಿದಾಗುತ್ತದೆ, ಸಂವೇದಿಯಾದದ್ದು ನಿರೋಧಕದಂತೆ ಕಾಣುತ್ತದೆ. ಕಡಿಮೆ ಬಿತ್ತಿದರೆ ವಲಯ ಹಿಗ್ಗಿ ನಿರೋಧಕವೂ ಸಂವೇದಿಯಂತೆ ತೋರುತ್ತದೆ. ಎರಡನೆಯದೇ ಹೆಚ್ಚು ಅಪಾಯಕಾರಿ, ಏಕೆಂದರೆ ವೈದ್ಯರು ವರದಿಯನ್ನು ನಂಬಿ ಆ ಔಷಧಿಯನ್ನು ಕೊಡುತ್ತಾರೆ.

ಬಿತ್ತನೆಯ ಪ್ರಮಾಣಕ್ಕೆ ಅಳತೆಗೋಲು 0.5 ಮ್ಯಾಕ್‌ಫರ್ಲೆಂಡ್ ಮಾನಕ. ಜೋಸೆಫ್ ಮ್ಯಾಕ್‌ಫರ್ಲೆಂಡ್ 1907ರಲ್ಲಿ ರೂಪಿಸಿದ ಈ ಉಪಾಯದಲ್ಲಿ ಬೇರಿಯಂ ಸಲ್ಫೇಟಿನ ಬಿಳಿ ಕಣಗಳ ಕದಡಿಗೆ ಬ್ಯಾಕ್ಟೀರಿಯಾದ ಕದಡನ್ನು ಸರಿದೂಗಿಸುತ್ತೇವೆ. ಶೇ 1ರ ಗಂಧಕಾಮ್ಲ 99.5 ಮಿ.ಲೀ.ಗೆ ಶೇ 1.175ರ ಬೇರಿಯಂ ಕ್ಲೋರೈಡ್ ಡೈಹೈಡ್ರೇಟ್ ದ್ರಾವಣ 0.5 ಮಿ.ಲೀ. ಅನ್ನು ಕಲಕುತ್ತಲೇ ಸೇರಿಸಿದರೆ ಮಾನಕ ಸಿದ್ಧ. 1 ಸೆಂ.ಮೀ. ಬೆಳಕಿನ ಹಾದಿಯ ಪಾತ್ರೆಯಲ್ಲಿಟ್ಟು 625 ನ್ಯಾನೊಮೀಟರ್ ತರಂಗಾಂತರದಲ್ಲಿ ನೋಡಿದಾಗ ಬೆಳಕಿನ ಹೀರಿಕೆ 0.08ರಿಂದ 0.13ರ ನಡುವೆ ಇರಬೇಕು. ಈ ಹದದ ಇ. ಕೋಲಿ ಕದಡಿನ ಒಂದು ಮಿಲಿಲೀಟರಿನಲ್ಲಿ 10ರಿಂದ 20 ಕೋಟಿ ಜೀವಕೋಶಗಳಿರುತ್ತವೆ.

ಮಾನಕವನ್ನು 4ರಿಂದ 6 ಮಿ.ಲೀ.ಯಂತೆ ಬಿಗಿ ಮುಚ್ಚಳದ ಕೊಳವೆಗಳಿಗೆ ತುಂಬಿ, ಕೋಣೆಯ ತಾಪದಲ್ಲಿ ಕತ್ತಲೆಯಲ್ಲಿ ಇಡಬೇಕು. ಬ್ಯಾಕ್ಟೀರಿಯಾ ಕದಡುವ ಕೊಳವೆಯೂ ಅದೇ ಅಗಲದ್ದಾಗಿರಬೇಕು. ಗೀರು ಬಿದ್ದು ಮಬ್ಬಾದ ಹಳೆಯ ಗಾಜಿನ ಕೊಳವೆ ತಾನೇ ಅರ್ಧ ಕದಡಿದಂತೆ ಕಂಡು ಕಣ್ಣಿಗೆ ಮೋಸ ಮಾಡುತ್ತದೆ. ಬಳಸುವ ಪ್ರತಿ ಸಲವೂ ಮಾನಕವನ್ನು ಜೋರಾಗಿ ಕುಲುಕಲೇಬೇಕು. ಬೇರಿಯಂ ಸಲ್ಫೇಟ್ ತಳಕ್ಕೆ ಕೂರುವ ವಸ್ತು. ಬೆಳಗ್ಗೆ ಒಮ್ಮೆ ಕುಲುಕಿ ಮಧ್ಯಾಹ್ನದವರೆಗೆ ಅದನ್ನೇ ನೋಡುತ್ತ ಕುಳಿತವರು ತಿಳಿನೀರಿಗೆ ತಿಳಿನೀರನ್ನು ಹೋಲಿಸುತ್ತಿರುತ್ತಾರೆ. ತಿಂಗಳಿಗೊಮ್ಮೆ ಹೀರಿಕೆಯನ್ನು ಅಳೆದು ನೋಡಿ, ಕಣಗಳು ಉಂಡೆ ಕಟ್ಟಿದ್ದರೆ ಚೆಲ್ಲಿ ಹೊಸದು ಮಾಡಿಕೊಳ್ಳಬೇಕು.

ಇನ್ನು ಕದಡುವ ಕ್ರಮ. ಒಂದೇ ಬಗೆಯ ಮೂರರಿಂದ ಐದು ಕಾಲನಿಗಳ ತಲೆಯನ್ನಷ್ಟೇ ತಂತಿಯ ಕುಣಿಕೆಯಿಂದ ಮುಟ್ಟಿ ತೆಗೆಯಬೇಕು. ಒಂದೇ ಕಾಲನಿ ತೆಗೆದರೆ, ನಿರೋಧಕ ಗುಣ ಕಳೆದುಕೊಂಡ ಕೋಶಗಳೇ ಸಿಕ್ಕಿಬಿಡುವ ಸಾಧ್ಯತೆ ಇರುತ್ತದೆ. ಅದನ್ನು ಲವಣಜಲದ ನಡುವೆ ಅದ್ದಿ ತಿರುಗಿಸಿದರೆ ಗಂಟುಗಂಟಾಗಿ ತೇಲುತ್ತದೆ. ಕೊಳವೆಯನ್ನು ಓರೆಯಾಗಿ ಹಿಡಿದು, ದ್ರವದ ಅಂಚಿಗೆ ತುಸು ಮೇಲೆ ಗಾಜಿನ ಗೋಡೆಗೆ ಒತ್ತಿ, ರಾಗಿಹಿಟ್ಟನ್ನು ಗಂಟಾಗದಂತೆ ಮೊದಲು ತುಸುವೇ ನೀರಿನಲ್ಲಿ ಕಲಸಿಕೊಳ್ಳುವ ಹಾಗೆ ಅಲ್ಲಲ್ಲೇ ಉಜ್ಜಿ, ಆಮೇಲೆ ಕೊಳವೆಯನ್ನು ಬಾಗಿಸಿ ದ್ರವಕ್ಕೆ ಇಳಿಸಬೇಕು. ಕ್ಲೆಬ್ಸಿಯೆಲ್ಲಾದ ಲೋಳೆ ಕಾಲನಿಗಳಿಗೆ ಇನ್ನಷ್ಟು ತಾಳ್ಮೆ ಬೇಕು. ಗಂಟು ಉಳಿದಿದ್ದರೆ ಅವು ತಳ ಸೇರುವವರೆಗೆ ಕಾದು ಮೇಲಿನ ಸಮ ಕದಡನ್ನು ಬೇರೆ ಕೊಳವೆಗೆ ತೆಗೆದುಕೊಳ್ಳಿ.

ಈಗ ಎರಡೂ ಕೊಳವೆಗಳನ್ನು ಅಕ್ಕಪಕ್ಕ ಹಿಡಿದು, ಕಪ್ಪು ಗೆರೆಗಳಿರುವ ಬಿಳಿ ಕಾಗದವನ್ನು ಹಿಂದಿಟ್ಟು, ಒಳ್ಳೆಯ ಬೆಳಕಿನಲ್ಲಿ ನೋಡಬೇಕು. ಎರಡರ ಮೂಲಕವೂ ಗೆರೆಗಳು ಒಂದೇ ಮಟ್ಟಿಗೆ ಮಸುಕಾಗಿ ಕಂಡರೆ ಹದ ಬಂದಿದೆ. ಹೆಚ್ಚಾದರೆ ಲವಣಜಲ, ಕಡಿಮೆಯಾದರೆ ಇನ್ನೊಂದು ಕಾಲನಿ ಸೇರಿಸಿ, ಪ್ರತಿ ಬಾರಿಯೂ ಕುಲುಕಿ ಮತ್ತೆ ಹೋಲಿಸಬೇಕು. ‘ತೆಳು ಮಜ್ಜಿಗೆಯಷ್ಟಿದ್ದರೆ ಸಾಕು’ ಎಂದು ಹಿರಿಯ ತಂತ್ರಜ್ಞರೊಬ್ಬರು ಹೊಸಬರಿಗೆ ಹೇಳಿಕೊಡುತ್ತಿದ್ದುದನ್ನು ಕೇಳಿದ್ದೇನೆ. ಮಜ್ಜಿಗೆಯಷ್ಟಾದರೆ ಅದು ಎಷ್ಟೋ ಪಟ್ಟು ಹೆಚ್ಚಾಯಿತು, 0.5ರ ಹದದಲ್ಲಿ ನೀರು ಸ್ವಲ್ಪವೇ ಮಂಜು ಕವಿದಂತೆ ಇರುತ್ತದೆ. ಸಾಧ್ಯವಿದ್ದರೆ ಕದಡು ಅಳೆಯುವ ಪುಟ್ಟ ಮೀಟರ್ ಕೊಳ್ಳಿ. ಲ್ಯಾಬಿಗೆ ಒಂದೇ ಉಪಕರಣಕ್ಕೆ ಹಣವಿದೆ ಎಂದಾದರೆ ನಾನು ಮೊದಲು ಕೇಳುವುದು ಅದನ್ನೇ.

ಮೀಟರ್ ಇದ್ದರೂ ತಪ್ಪದ ಒಂದು ಎಚ್ಚರವಿದೆ. ಬೇರಿಯಂ ಆಗಲಿ ಮೀಟರ್ ಆಗಲಿ ಕದಡನ್ನು ಅಳೆಯುತ್ತವೆಯೇ ಹೊರತು ಜೀವವನ್ನಲ್ಲ. ಮೂರು ದಿನ ಫ್ರಿಜ್‌ನಲ್ಲಿದ್ದ ತಟ್ಟೆಯ ಕಾಲನಿಯಲ್ಲಿ ಸತ್ತ ಕೋಶಗಳು ಬಹಳಷ್ಟಿರುತ್ತವೆ. ಅವೂ ನೀರನ್ನು ಕದಡಿಸುತ್ತವೆ, ಆದರೆ ಬೆಳೆಯುವುದಿಲ್ಲ. ಕಾಲನಿ ತಾಜಾ ಇರಬೇಕೆಂದು ಹೇಳಿದ್ದು ಇದೇ ಕಾರಣಕ್ಕೆ. ಹದ ಮಾಡಿದ ಕದಡನ್ನು 15 ನಿಮಿಷದೊಳಗೆ ಬಳಸಬೇಕು ಎಂಬ ನಿಯಮವೂ ಹೀಗೆಯೇ: ಇಪ್ಪತ್ತು ರೋಗಿಗಳ ಕದಡನ್ನು ಸಾಲಾಗಿ ಮಾಡಿಟ್ಟು ಚಹಾಕ್ಕೆ ಹೋದರೆ, ತಿರುಗಿ ಬರುವ ಹೊತ್ತಿಗೆ ಕೋಶಗಳ ಎಣಿಕೆ ಬದಲಾಗಿರಬಹುದು. ಐದೈದರ ಗುಂಪು ಮಾಡಿಕೊಳ್ಳಿ.

ನನ್ನ ಬಳಿ ಕಲಿಯಲು ಬಂದ ಎಲ್ಲರಿಂದಲೂ ಒಂದು ಪ್ರಯೋಗ ಮಾಡಿಸುತ್ತೇನೆ. ಒಂದೇ ಬ್ಯಾಕ್ಟೀರಿಯಾ, ಒಂದೇ ಡಬ್ಬಿಯ ಬಿಲ್ಲೆ, ಎರಡು ತಟ್ಟೆ. ಒಂದಕ್ಕೆ ಹದದ ಕದಡು, ಇನ್ನೊಂದಕ್ಕೆ ಅವರ ಕಣ್ಣಂದಾಜಿನದು. ಮರುದಿನ ವಲಯಗಳ ವ್ಯತ್ಯಾಸವನ್ನು ತಾವೇ ಅಳೆದವರಿಗೆ ಮತ್ತೆ ಹೇಳಬೇಕಾಗಿ ಬಂದಿಲ್ಲ.

ಸವರುವುದು, ಬಿಲ್ಲೆ ಇಡುವುದು

ಹತ್ತಿಕಡ್ಡಿಯನ್ನು ಕದಡಿನಲ್ಲಿ ಅದ್ದಿ, ಕೊಳವೆಯ ಒಳಗೋಡೆಗೆ ಒತ್ತಿ ತಿರುಗಿಸಿ ಹೆಚ್ಚಿನ ದ್ರವವನ್ನು ಹಿಂಡಬೇಕು. ಹಿಂಡದಿದ್ದರೆ ಹದದ ಶ್ರಮವೆಲ್ಲ ವ್ಯರ್ಥ. ತಟ್ಟೆಯಿಡೀ ಒಮ್ಮೆ ಸವರಿ, 60 ಡಿಗ್ರಿ ತಿರುಗಿಸಿ ಮತ್ತೊಮ್ಮೆ, ಇನ್ನೂ 60 ಡಿಗ್ರಿ ತಿರುಗಿಸಿ ಮಗದೊಮ್ಮೆ ಸವರಿ, ಕೊನೆಗೆ ಅಂಚಿನ ಸುತ್ತ ಒಂದು ಸುತ್ತು ಹಾಕಬೇಕು. ಮೇಲ್ಮೈಯ ತೇವ ಆರಲು ಮೂರರಿಂದ ಐದು ನಿಮಿಷ ಬಿಟ್ಟು, ಹೆಚ್ಚೆಂದರೆ 15 ನಿಮಿಷದೊಳಗೆ ಬಿಲ್ಲೆ ಇಡಬೇಕು.

ಬಿಲ್ಲೆಯ ಡಬ್ಬಿಯನ್ನು ಫ್ರಿಜ್‌ನಿಂದ ತೆಗೆದ ಕೂಡಲೇ ತೆರೆಯಬಾರದು. ಕರಾವಳಿಯ ಮಳೆಗಾಲದಲ್ಲಂತೂ ತಣ್ಣನೆಯ ಡಬ್ಬಿಯೊಳಗೆ ಕ್ಷಣದಲ್ಲಿ ಹನಿಗಟ್ಟುತ್ತದೆ, ಪೆನಿಸಿಲಿನ್ ಬಳಗದ ಔಷಧಿಗಳಿಗೆ ತೇವವೇ ಶತ್ರು. ಡಬ್ಬಿ ಕೋಣೆಯ ತಾಪಕ್ಕೆ ಬಂದ ಮೇಲೆ ತೆರೆದು, ಬಿಲ್ಲೆಗಳ ನಡುಬಿಂದುಗಳ ಅಂತರ 24 ಮಿ.ಮೀ.ಗೆ ಕಡಿಮೆಯಾಗದಂತೆ ಇಟ್ಟು, ಚಿಮಟದಿಂದ ಮೆಲ್ಲನೆ ಒತ್ತಬೇಕು. ಔಷಧಿ ತಾಗಿದೊಡನೆ ಹರಡಲಾರಂಭಿಸುವುದರಿಂದ ಒಮ್ಮೆ ಇಟ್ಟ ಬಿಲ್ಲೆಯನ್ನು ಸರಿಸಕೂಡದು. 90 ಮಿ.ಮೀ. ತಟ್ಟೆಗೆ ಐದಕ್ಕಿಂತ ಹೆಚ್ಚು ಬೇಡ. ಎಂಟು ಔಷಧಿಗಳನ್ನು ಒಂದೇ ಉಂಗುರದ ಕೈಗಳಿಗೆ ಜೋಡಿಸಿ ಮಾರುವ ಸಿದ್ಧ ಸರಕನ್ನು ದಯವಿಟ್ಟು ಕೊಳ್ಳಬೇಡಿ: ದೊಡ್ಡ ವಲಯಗಳು ಒಂದರೊಳಗೊಂದು ನುಗ್ಗುತ್ತವೆ, ಒಂದು ಕೈ ಅಗರ್‌ಗೆ ಸರಿಯಾಗಿ ಅಂಟದಿದ್ದರೂ ಗೊತ್ತಾಗುವುದಿಲ್ಲ, ಮೇಲಾಗಿ ಯಾವ ಬ್ಯಾಕ್ಟೀರಿಯಾಕ್ಕೆ ಯಾವ ಔಷಧಿ ಪರೀಕ್ಷಿಸಬೇಕು ಎಂಬ ತೀರ್ಮಾನವನ್ನು ತಯಾರಕರಿಗೆ ಒಪ್ಪಿಸಿದಂತಾಗುತ್ತದೆ.

ಮತ್ತೆ 15 ನಿಮಿಷದೊಳಗೆ ತಟ್ಟೆಯನ್ನು ಬೋರಲು ಮಾಡಿ 35 ಡಿಗ್ರಿ ಸೆಲ್ಸಿಯಸ್‌ನಲ್ಲಿ 16ರಿಂದ 18 ಗಂಟೆ ಇಡಬೇಕು. ಅಭ್ಯಾಸಬಲದಿಂದ 37ಕ್ಕೆ ಇಟ್ಟ ಇನ್‌ಕ್ಯುಬೇಟರ್ ಬೇಸಿಗೆಯಲ್ಲಿ ಇನ್ನೂ ಮೇಲೇರುತ್ತದೆ. 35 ದಾಟಿದರೆ ಮೆಥಿಸಿಲಿನ್‌ಗೆ ಬಗ್ಗದ ಸ್ಟ್ಯಾಫಿಲೊಕಾಕಸ್ ಔರಿಯಸ್ ನಮ್ಮ ಕಣ್ಣು ತಪ್ಪಿಸಿಕೊಳ್ಳಬಹುದು.

ಅಳೆಯುವುದು, ಓದುವುದು

ಮೊದಲು ಬೆಳೆಯನ್ನೇ ನೋಡಿ. ಹುಲ್ಲುಹಾಸಿನಂತೆ ಸಮವಾಗಿ ಕೂಡಿಕೊಂಡಿರಬೇಕು; ಬಿಡಿಬಿಡಿ ಕಾಲನಿಗಳು ಕಂಡರೆ ಕದಡು ತೆಳುವಾಗಿತ್ತು ಎಂದರ್ಥ, ಅಳೆಯದೆ ಮತ್ತೆ ಮಾಡಿ. ತಟ್ಟೆಯ ಹಿಂಬದಿಯಿಂದ, ಕಪ್ಪು ಹಿನ್ನೆಲೆಯ ಮೇಲೆ ಹಿಡಿದು, ಬಿಲ್ಲೆಯೂ ಸೇರಿದಂತೆ ವಲಯದ ವ್ಯಾಸವನ್ನು ಕ್ಯಾಲಿಪರ್‌ನಿಂದ ಅಳೆಯಬೇಕು. ವಲಯವೇ ಇಲ್ಲದಿದ್ದರೆ ಬಿಲ್ಲೆಯ ವ್ಯಾಸವಾದ 6 ಮಿ.ಮೀ. ಎಂದು ಬರೆಯಿರಿ. ಪ್ರೋಟಿಯಸ್ ಎಂಬ ಬ್ಯಾಕ್ಟೀರಿಯಾ ಹಬ್ಬಿದ ತೆಳುಪೊರೆಯನ್ನೂ, ಸಲ್ಫಾ ಮತ್ತು ಟ್ರೈಮೆಥೊಪ್ರಿಮ್ ಬಿಲ್ಲೆಗಳ ಸುತ್ತಲಿನ ಮಸುಕು ಬೆಳೆಯನ್ನೂ ಲೆಕ್ಕಕ್ಕೆ ಹಿಡಿಯಬೇಕಿಲ್ಲ. ಆದರೆ ವಲಯದೊಳಗೆ ಗಟ್ಟಿ ಕಾಲನಿಗಳಿದ್ದರೆ ಅದು ಬೆರಕೆಯಿರಬಹುದು, ಇಲ್ಲವೇ ಪ್ರತಿರೋಧ ಗಳಿಸಿದ ಗುಂಪಿರಬಹುದು. ಅದನ್ನು ಬೇರೆ ಬೆಳೆಸಿ ಮತ್ತೆ ಪರೀಕ್ಷಿಸದೆ ವರದಿ ಕೊಡಬಾರದು.

ಮಿಲಿಮೀಟರನ್ನು ಅರ್ಥಕ್ಕೆ ತಿರುಗಿಸುವ ಕೋಷ್ಟಕಗಳನ್ನು ಅಮೆರಿಕದ ಸಿಎಲ್‌ಎಸ್‌ಐ ಮತ್ತು ಯುರೋಪಿನ ಯೂಕ್ಯಾಸ್ಟ್ ಸಂಸ್ಥೆಗಳು ಪ್ರತಿವರ್ಷ ಪರಿಷ್ಕರಿಸುತ್ತವೆ. ಒಂದನ್ನು ಆರಿಸಿಕೊಂಡು ಅದಕ್ಕೇ ಅಂಟಿಕೊಳ್ಳಿ. ಬಿಲ್ಲೆಯ ಡಬ್ಬಿಯೊಳಗೆ ಮಡಚಿಟ್ಟ ಹಳೆಯ ಚೀಟಿಯನ್ನು ನಂಬಬೇಡಿ. ಸ್ಟ್ಯಾಫಿಲೊಕಾಕಸ್ ಔರಿಯಸ್‌ಗೆ ಮೆಥಿಸಿಲಿನ್ ಬದಲಿಗೆ ಇಡುವ 30 ಮೈಕ್ರೊಗ್ರಾಂ ಸೆಫಾಕ್ಸಿಟಿನ್ ಬಿಲ್ಲೆಯ ವಲಯ 21 ಮಿ.ಮೀ. ಅಥವಾ ಕಡಿಮೆ ಇದ್ದರೆ ಮೆಥಿಸಿಲಿನ್ ನಿರೋಧಕ, 22 ಅಥವಾ ಹೆಚ್ಚಿದ್ದರೆ ಅಲ್ಲ. ಒಂದೇ ಮಿಲಿಮೀಟರ್ ಚಿಕಿತ್ಸೆಯನ್ನು ಬದಲಿಸುವ ಇಂಥಲ್ಲಿ ಕದಡಿನ ಉದಾಸೀನಕ್ಕೆ ಎಡೆಯಿಲ್ಲ. ಅದೇ ತಟ್ಟೆಯಲ್ಲಿ ಎರಿಥ್ರೊಮೈಸಿನ್ ಮತ್ತು ಕ್ಲಿಂಡಾಮೈಸಿನ್ ಬಿಲ್ಲೆಗಳನ್ನು ಅಂಚಿನಿಂದ ಅಂಚಿಗೆ 15ರಿಂದ 26 ಮಿ.ಮೀ. ದೂರದಲ್ಲಿಟ್ಟರೆ, ಕ್ಲಿಂಡಾಮೈಸಿನ್ ವಲಯ ಎರಿಥ್ರೊಮೈಸಿನ್ ಕಡೆಗೆ ಚಪ್ಪಟೆಯಾಗಿ ಇಂಗ್ಲಿಷಿನ ‘ಡಿ’ ಅಕ್ಷರದಂತೆ ಕಾಣುವುದುಂಟು. ಆಗ ವ್ಯಾಸ ಎಷ್ಟೇ ದೊಡ್ಡದಿದ್ದರೂ ಕ್ಲಿಂಡಾಮೈಸಿನ್‌ಗೆ ನಿರೋಧಕ ಎಂದೇ ಬರೆಯಬೇಕು.

ಕೊಲಿಸ್ಟಿನ್‌ಗೆ ಮಾತ್ರ ಈ ಪರೀಕ್ಷೆಯನ್ನು ಮಾಡಲೇಬೇಡಿ. ಅದರ ದೊಡ್ಡ ಅಣುಗಳು ಅಗರ್‌ನಲ್ಲಿ ಸರಿಯಾಗಿ ಹರಡುವುದಿಲ್ಲ. ಮಾರುಕಟ್ಟೆಯಲ್ಲಿ ಆ ಬಿಲ್ಲೆ ಸಿಗುತ್ತದೆ ಎಂಬುದು ಬಳಸಲು ಕಾರಣವಲ್ಲ. ಬೇರೆ ಔಷಧಿಗಳು ಕೈಬಿಟ್ಟಾಗ ಉಳಿಯುವ ಈ ಔಷಧಿಯನ್ನು ಕಾಪಾಡಲೆಂದೇ ಭಾರತ ಸರ್ಕಾರ 2019ರಲ್ಲಿ ಆಹಾರಕ್ಕಾಗಿ ಸಾಕುವ ಪ್ರಾಣಿಗಳಿಗೆ ಅದನ್ನು ಕೊಡುವುದನ್ನು ನಿಷೇಧಿಸಿತು. ದ್ರವ ಮಾಧ್ಯಮದಲ್ಲಿ ಔಷಧಿಯ ಕನಿಷ್ಠ ತಡೆ ಪ್ರಮಾಣವನ್ನು ಅಳೆಯಬಲ್ಲ ದೊಡ್ಡ ಲ್ಯಾಬಿಗೆ ಮಾದರಿ ಕಳಿಸಿ. ಸ್ಟ್ಯಾಫಿಲೊಕಾಕಸ್‌ಗೆ ವ್ಯಾಂಕೊಮೈಸಿನ್ ಬಿಲ್ಲೆಯ ವಿಷಯದಲ್ಲೂ ಇದೇ ಮಾತು.

ರೋಗಿಯ ತಟ್ಟೆಗಳ ಜೊತೆ ನಿಯಂತ್ರಣ ತಳಿಯ, ಅಂದರೆ ಎಷ್ಟು ವಲಯ ಬರಬೇಕೆಂದು ಮೊದಲೇ ಗೊತ್ತಿರುವ ತಳಿಯ ಒಂದು ತಟ್ಟೆ ಇರಲೇಬೇಕು. ಎಟಿಸಿಸಿ 25922 ಎಂಬ ಇ. ಕೋಲಿ ತಳಿಗೆ 10 ಮೈಕ್ರೊಗ್ರಾಂ ಜೆಂಟಾಮೈಸಿನ್ ಬಿಲ್ಲೆಯ ವಲಯ 19ರಿಂದ 26 ಮಿ.ಮೀ. ಒಳಗೆ ಬರಬೇಕು. ಬಾರದಿದ್ದರೆ ಆ ದಿನ ಜೆಂಟಾಮೈಸಿನ್ ಫಲಿತಾಂಶವನ್ನು ಯಾವ ರೋಗಿಗೂ ಕೊಡಬೇಡಿ. ಒಂದೇ ಬಿಲ್ಲೆಯ ವಲಯ ಕುಗ್ಗಿದ್ದರೆ ಆ ಡಬ್ಬಿಯನ್ನು ಶಂಕಿಸಿ. ಎಲ್ಲ ಬಿಲ್ಲೆಗಳ ವಲಯವೂ ಒಟ್ಟಿಗೆ ಕುಗ್ಗಿದ್ದರೆ ಅಗರ್‌ನ ದಪ್ಪ ನೋಡುವ ಮುಂಚೆ ಮ್ಯಾಕ್‌ಫರ್ಲೆಂಡ್ ಕೊಳವೆಯನ್ನು ಬೆಳಕಿಗೆ ಹಿಡಿಯಿರಿ.