ಗಿರಣಿಯ ಶ್ರುತಿಗೆ ತಂಬೂರಿ

ಹೋದ ಮಳೆಗಾಲದಲ್ಲಿ ಸಣ್ಣ ಬಜೆಟ್ಟಿನ ಒಂದು ಸಿನಿಮಾಕ್ಕೆ ಹಿನ್ನೆಲೆ ಸಂಗೀತ ಮಾಡಿದೆ. ಧಾರವಾಡದ ಹತ್ತಿರದ ಹಳ್ಳಿಯಲ್ಲಿ ನಡೆಯುವ ಕಥೆ. ಅಪ್ಪ ಹಿಟ್ಟಿನ ಗಿರಣಿ ನಡೆಸುತ್ತಾನೆ. ಊರು ಬಿಟ್ಟಿದ್ದ ಮಗ ವಾಪಸ್ ಬಂದಿದ್ದಾನೆ. ಇಬ್ಬರ ನಡುವೆ ಮಾತು ಕಡಿಮೆ. ಇರುವ ಮಾತನ್ನೆಲ್ಲ ಶೂಟಿಂಗ್ ಜಾಗದಲ್ಲೇ ರೆಕಾರ್ಡ್ ಮಾಡಿದ್ದರು, ಡಬ್ಬಿಂಗ್ ಇಲ್ಲ. ಹಾಗಾಗಿ ಗಿರಣಿಯ ಸದ್ದು ಪ್ರತಿ ಮಾತಿನ ಅಡಿಯಲ್ಲೂ ಕೂತಿತ್ತು.

ಎಡಿಟಿಂಗ್ ಹೊತ್ತಿಗೆ ಯಾವುದೋ ಪಿಯಾನೊ ತುಣುಕನ್ನು ಸದ್ಯಕ್ಕಿರಲಿ ಅಂತ ಹಾಕಿದ್ದರು. ಇದಕ್ಕೆ ಟೆಂಪ್ ಟ್ರ್ಯಾಕ್ ಅನ್ನುತ್ತೇವೆ. ಅದನ್ನು ಒಮ್ಮೆ ಕೇಳಿದರೆ ತಲೆಯಿಂದ ಹೋಗುವುದಿಲ್ಲ. ನಾನು ಮ್ಯೂಟ್ ಮಾಡಿಯೇ ನೋಡುತ್ತೇನೆ.

ಅಪ್ಪ ಭಜನೆ ಹಾಡುವವನು, ಅದಕ್ಕೆ ಹಾರ್ಮೋನಿಯಂ ಇರಲಿ ಅಂದುಕೊಂಡೆ. ನಾಲ್ಕು ನಿಮಿಷದ ತುಣುಕು ನುಡಿಸಿ, ದೃಶ್ಯಕ್ಕೆ ಕೂರಿಸಿ ಕೇಳಿದರೆ ಬೇಸುರ! ಎರಡು ದಿನ ರಾಗ ಬದಲಿಸಿದೆ, ಲಯ ಬದಲಿಸಿದೆ. ಹಾರ್ಮೋನಿಯಂ ಒಂದನ್ನೇ ಕೇಳಿದರೆ ಚೆನ್ನಾಗಿದೆ. ಗಿರಣಿ ಸೇರಿದ ಕೂಡಲೇ ಕಿವಿಗೆ ಕಿರಿಕಿರಿ.

ಗಿರಣಿಯ ಸದ್ದು ತೆಗೆಯಬಹುದಾ ಅಂತ ನಿರ್ದೇಶಕರನ್ನು ಕೇಳಿದೆ. “ಅದನ್ನ ಮಾತ್ರ ತಗೀಬ್ಯಾಡ್ರಿ ಸರ. ಅದು ಅಪ್ಪನ ದನಿ ಇದ್ದಂಗ” ಅಂದರು.

ಅವತ್ತು ರಾತ್ರಿ ಹೆಡ್‌ಫೋನ್ ಹಾಕಿಕೊಂಡು ಬರೀ ಗಿರಣಿಯನ್ನು ಕೇಳುತ್ತಾ ಕೂತೆ. ಅದಕ್ಕೂ ಒಂದು ಶ್ರುತಿ ಇತ್ತು. ನಮ್ಮ ಕರೆಂಟು 50 ಹರ್ಟ್ಸ್, ಅಂದರೆ ಸೆಕೆಂಡಿಗೆ 50 ಸುತ್ತು. ಮೋಟಾರಿನ ಗುಂಯ್ ಸದ್ದು ಅದರ ಎರಡರಷ್ಟು, ಸುಮಾರು 100 ಹರ್ಟ್ಸ್‌ನಲ್ಲಿ ಗಟ್ಟಿಯಾಗಿ ಕೇಳುತ್ತದೆ. ಹಾರ್ಮೋನಿಯಂನ ಕೆಳಗಿನ ಸಪ್ತಕದ ಐದನೇ ಬಿಳಿ ಮನೆ, ಅಂದರೆ ಬಿಳಿ ಐದು, 98 ಹರ್ಟ್ಸ್. ಅಂದರೆ ಗಿರಣಿ ಬಿಳಿ ಐದಕ್ಕೂ ಪಕ್ಕದ ಕಪ್ಪು ಮನೆಗೂ ನಡುವೆ, ಮೂರರಲ್ಲಿ ಒಂದು ಪಾಲು ಮೇಲೆ ನಿಂತಿತ್ತು. ಆ ಜಾಗದಲ್ಲಿ ಹಾರ್ಮೋನಿಯಂಗೆ ಮನೆಯೇ ಇಲ್ಲ.

ತಂಬೂರಿಗೆ ಆ ತೊಂದರೆ ಇಲ್ಲ, ಅಲ್ವಾ? ಹೆಣ್ಣು ದನಿಗೆ ಬಳಸುವ ತಂಬೂರಿ ತಂದೆ. ಬಿರಡೆ ತಿರುವಿ, ಮಣಿ ಸರಿಸಿ, ಎಲ್ಲಕ್ಕಿಂತ ಕೆಳಗಿನ ಷಡ್ಜ ನುಡಿಯುವ ಖರ್ಜದ ತಂತಿಯನ್ನು ಗಿರಣಿಯ ಶ್ರುತಿಗೆ ಸೇರಿಸಿದೆ. ಎರಡೂ ಒಂದೇ ದನಿಯಾದಾಗ ಮೈ ಜುಂ ಅಂದಿತು. ಚಿತ್ರದಲ್ಲಿ ತಾಯಿ ಎಲ್ಲೂ ಕಾಣುವುದಿಲ್ಲ. ಹೆಂಗಸರ ತಂಬೂರಿಯೇ ಒದಗಿ ಬಂದದ್ದು ನನಗೆ ತುಂಬಾ ಹಿಡಿಸಿತು.

ನಡುವೆ ಒಂದು ಪೇಚಾಟವೂ ಆಯಿತು. ನನಗೆ ಬಂದ ವಿಡಿಯೊ ಸೆಕೆಂಡಿಗೆ 25 ಫ್ರೇಮ್ ವೇಗದಲ್ಲಿ ಓಡುತ್ತಿತ್ತು, ಸಿನಿಮಾ ಇದ್ದದ್ದು 24ರಲ್ಲಿ. ನಾಲ್ಕು ನಿಮಿಷದಲ್ಲಿ ಸುಮಾರು 10 ಸೆಕೆಂಡ್ ಆಚೀಚೆ! ಗಿರಣಿಯ ಶ್ರುತಿಯೂ ಏರಿಹೋಗಿತ್ತು, ಅದರಿಂದಲೇ ಗೊತ್ತಾಯಿತು. ಈಗ ಕೆಲಸ ಶುರು ಮಾಡುವ ಮೊದಲೇ ಫ್ರೇಮ್ ರೇಟ್ ಬರೆದು ಕಳಿಸಿ ಅಂತ ಕೇಳಿಕೊಳ್ಳುತ್ತೇನೆ.

ಇಡೀ 92 ನಿಮಿಷದ ಚಿತ್ರದಲ್ಲಿ ಸಂಗೀತ ಉಳಿದದ್ದು 11 ನಿಮಿಷ. ಹೆಚ್ಚಿನ ಕಡೆ ತಂಬೂರಿ ಇದೆ ಅಂತಲೇ ಗೊತ್ತಾಗುವುದಿಲ್ಲ, ಗಿರಣಿಯ ಒಳಗೇ ಇರುತ್ತದೆ. ಕೊನೆಯ ದೃಶ್ಯದಲ್ಲಿ ಕರೆಂಟು ಹೋಗುತ್ತದೆ. ಗಿರಣಿ ನಿಧಾನಕ್ಕೆ ನಿಲ್ಲುತ್ತದೆ. ಎಂಟು ಸೆಕೆಂಡ್ ತಂಬೂರಿ ಒಂದೇ ಕೇಳುತ್ತದೆ. ಆಮೇಲೆ ಮಗ “ಅಪ್ಪಾ” ಅನ್ನುತ್ತಾನೆ. ಅಲ್ಲಿ ಅದನ್ನೂ ನಿಲ್ಲಿಸಿದೆ.